ತಂಗಿಯ ಬಿಸಿಲು

ತಂಗಿಗೆ ಕ್ಯಾಮೆರಾ ಹಿಡಿಯಲು ಕಲಿಸಿದವನು ಅಣ್ಣನೇ. ಹದಿನೈದು ವರ್ಷಗಳ ಮೇಲೆ ಜನ ಅವನನ್ನು ‘ಅವಳ ಅಣ್ಣ’ ಎಂದು ಗುರುತಿಸತೊಡಗಿದಾಗ ಅವನ ಹೊಟ್ಟೆಗೆ ಕಿಚ್ಚು ಬಿತ್ತು.

ಅವನು ಸೋಪು, ಟೂತ್‌ಪೇಸ್ಟ್ ಜಾಹೀರಾತುಗಳ ಕ್ಯಾಮೆರಾಮನ್. ಕೈತುಂಬ ಕೆಲಸ, ವ್ಯಾನ್ ತುಂಬ ಲೈಟು. ಅವಳು ಹಿಡಿದದ್ದು ನಾಲ್ಕಾರು ಗೆಳೆಯರು ಸೇರಿ ಮಾಡುವ ಸಣ್ಣ ಚಿತ್ರಗಳ ದಾರಿ. ಲೈಟೇ ಒಯ್ಯುತ್ತಿರಲಿಲ್ಲ. ಚಿತ್ರೀಕರಣಕ್ಕೆ ಮೊದಲು ಅದು ನಡೆಯುವ ಕೋಣೆಯಲ್ಲಿ ಬೆಳಗಿನಿಂದ ಸಂಜೆವರೆಗೆ ಸುಮ್ಮನೆ ಕೂತು, ಕಿಟಕಿಯ ಬಿಸಿಲು ಎಷ್ಟು ಹೊತ್ತಿಗೆ ಎಲ್ಲಿ ಬೀಳುತ್ತದೆಂದು ನೆಲದ ಮೇಲೆ ಸೀಮೆಸುಣ್ಣದಲ್ಲಿ ಬರೆದಿಡುತ್ತಿದ್ದಳು. ಅವಳ ಚಿತ್ರಗಳಲ್ಲಿ ಮುಖಗಳು ಅರ್ಧ ಕತ್ತಲಲ್ಲೇ ಇರುತ್ತಿದ್ದವು. ಕ್ಯಾಮೆರಾ ಒಳಗೆ ಬರಲು ಸಂಕೋಚಪಡುವ ನೆಂಟನ ಹಾಗೆ ಬಾಗಿಲಲ್ಲೇ ನಿಂತು ನೋಡುತ್ತಿತ್ತು. ಜೊತೆಗಾರರು ಅವಳಿಗೆ ‘ಕಿಟಕಿ’ ಎಂದೇ ಹೆಸರಿಟ್ಟಿದ್ದರು.

“ಅದು ಕಲೆಯಲ್ಲಮ್ಮ, ಕರೆಂಟ್ ಬಿಲ್ ಉಳಿಸೋ ಉಪಾಯ,” ಎಂದು ಅಣ್ಣ ಮೂಗು ಮುರಿಯುತ್ತಿದ್ದ. ತಾಯಿ, ಮಗಳ ಬಗ್ಗೆ ಪತ್ರಿಕೆಯಲ್ಲಿ ಬಂದದ್ದನ್ನು ಕತ್ತರಿಸುತ್ತಲೇ “ಹೂಂ” ಎನ್ನುತ್ತಿದ್ದರು.

ನಾಲ್ಕನೆಯ ಚಿತ್ರದಲ್ಲಿ ಒಂದೇ ಒಂದು ದೃಶ್ಯ ಬಾಕಿ ಇರುವಾಗ ಮೆಟ್ಟಿಲು ಜಾರಿ ಅವಳ ಮಣಿಕಟ್ಟು ಮುರಿಯಿತು. ನಿರ್ದೇಶಕ ಅಣ್ಣನಿಗೆ ಫೋನ್ ಮಾಡಿದ. ‘ಕೆಲಸ ಅಂದ್ರೇನು ಅಂತ ತೋರಿಸ್ತೀನಿ’ ಎಂದುಕೊಂಡು ಅಣ್ಣ ವ್ಯಾನ್ ಸಮೇತ ಬಂದಿಳಿದ.

ಬಟ್ಟೆ ಹೊಲಿದೇ ಬದುಕಿದ ಮುದುಕಿಯೊಬ್ಬಳು ತನ್ನ ಹೊಲಿಗೆ ಯಂತ್ರವನ್ನು ಮಾರುವ ಮುಂಚೆ ಕೊನೆಯ ಸಲ ಒರೆಸುವ ದೃಶ್ಯ. ಅಣ್ಣ ಆರು ಲೈಟು ಹಾಕಿ ನೋಡಿದ. ಮುದುಕಿ ಯಂತ್ರದ ಜಾಹೀರಾತಿಗೆ ಬಂದವಳಂತೆ ಕಂಡಳು. ನಿರ್ದೇಶಕ ಕಿಟಕಿಯ ಕಡೆ ನೋಡಿದ; ಅದೇ ಹೆಚ್ಚು ಉರಿಸಿತು. ಅಷ್ಟರಲ್ಲಿ ಕಾಲಬುಡದಲ್ಲಿ ತಂಗಿಯ ಅಕ್ಷರ ಕಂಡಿತು: ‘ಮೂರೂ ನಲವತ್ತು. ಇಲ್ಲಿ.’

ಹಲ್ಲು ಕಚ್ಚಿಕೊಂಡು ಲೈಟುಗಳನ್ನೆಲ್ಲ ಆರಿಸಿದ. ಕಾದ. ಹೇಳಿದ ಹೊತ್ತಿಗೆ ಸರಿಯಾಗಿ ಬಿಸಿಲು ಬಂದು ಯಂತ್ರದ ಚಕ್ರದ ಮೇಲೆ ಕೂತಿತು. ಅವನು ಕ್ಯಾಮೆರಾ ಎತ್ತಿಕೊಂಡು ಮುದುಕಿಯ ಬೆರಳುಗಳವರೆಗೂ ಹೋದ.

ಚಿತ್ರ ತೆರೆಗೆ ಬಂತು. ‘ಆ ಬೆರಳುಗಳನ್ನು ಹಾಗೆ ಕಾಣಿಸಲು ಅವಳೊಬ್ಬಳಿಗೇ ಸಾಧ್ಯ’ ಎಂದು ವಿಮರ್ಶಕನೊಬ್ಬ ಬರೆದ. ಅಣ್ಣ ಪತ್ರಿಕೆಯನ್ನು ಮುದುರಿ ಎಸೆದ. ಮುಂದಿನ ವಾರ ಸಭೆಯೊಂದರಲ್ಲಿ ತಂಗಿ ಮೈಕ್ ಹಿಡಿದು, “ಆ ಬೆರಳುಗಳ ಶಾಟ್ ನಮ್ಮಣ್ಣ ತೆಗೆದಿದ್ದು,” ಎಂದಳು. ಚಪ್ಪಾಳೆ ಬಿತ್ತು. ಅವನಿಗೆ ಮುಳ್ಳಿನ ಮೇಲೆ ಕೂತಂತಾಯಿತು. ದೊಡ್ಡತನದಲ್ಲೂ ಅವಳೇ ಗೆದ್ದಳಲ್ಲ!

ಹೊರಗೆ ಬಂದವನೇ ಸಿಡುಕಿದ. “ಭಿಕ್ಷೆ ಹಾಕ್ದೆಯಾ? ಜಾಗ, ಹೊತ್ತು ಎರಡೂ ನಿಂದೇ ಅಲ್ವಾ?”

“ಅಷ್ಟೇ ನಂದು. ನಾನಾಗಿದ್ರೆ ಬಾಗಿಲಲ್ಲೇ ನಿಂತಿರ್ತಿದ್ದೆ. ಅಷ್ಟು ಹತ್ರ ಹೋಗೋ ಧೈರ್ಯ ನಂಗೆ ಇವತ್ತಿಗೂ ಬಂದಿಲ್ಲ. ಆ ಶಾಟ್ ನೋಡಿ ಎರಡು ದಿನ ಊಟ ಸೇರ್ಲಿಲ್ಲ ಕಣೋ.”

“ಹೊಟ್ಟೆಕಿಚ್ಚಾ?”

“ಮತ್ತೆ? ನಿಂಗೊಬ್ಬನಿಗೇನಾ ಹೊಟ್ಟೆ ಇರೋದು?”

ಎಷ್ಟೋ ವರ್ಷಗಳ ಮೇಲೆ ಅವನಿಗೆ ನಿಜವಾಗಿ ಖುಷಿಯಾಯಿತು. ಆದರೂ ಮುಂದಿನ ಚಿತ್ರಕ್ಕೆ ಜೊತೆಗೆ ಬಾ ಎಂದು ಅವಳು ಕರೆದಾಗ ಹೋಗಲಿಲ್ಲ. ಈಗಲೂ ಸೋಪನ್ನೇ ಬೆಳಗುತ್ತಾನೆ. ಅವಳ ಚಿತ್ರ ಬಂದರೆ ಮಾತ್ರ ಮೊದಲ ದಿನವೇ ಒಬ್ಬನೇ ಹೋಗಿ ಕೂರುತ್ತಾನೆ, ತಪ್ಪು ಹುಡುಕಲು. ಕಳೆದ ಸಲ ಎರಡು ಸಿಕ್ಕವು. ಕೂಡಲೇ ಫೋನ್ ಮಾಡಿ ಹೇಳಿದ.

“ಮೂರಿದೆ,” ಎಂದಳು ತಂಗಿ. “ಇನ್ನೊಂದ್ಸಲ ನೋಡು ಹೋಗು.”