ಮುಳುಗಿದ ಊರಿನ ಫಿಲ್ಮು ಹುಡುಕುವ ತುರ್ದುಬಾಯ್

ಬೆಳಗಿನ ಪ್ರಾರ್ಥನೆ ಮುಗಿದಿದೆ. ಅಂಗಳದ ಏಪ್ರಿಕಾಟ್ ಮರದ ಕೆಳಗೆ ಕೂತು ತುರ್ದುಬಾಯ್ ಎಸೆನ್‌ಕುಲೊವ್ ತಗಡಿನ ಡಬ್ಬಿಯೊಂದನ್ನು ಮೂಸುತ್ತಿದ್ದಾರೆ. ಹುಳಿ ವಾಸನೆ ಬಂದರೆ ಫಿಲ್ಮು ಕೊಳೆತಿದೆ ಎಂದರ್ಥ. ಬಾರದಿದ್ದರೆ ಸುರುಳಿ ಬಿಚ್ಚಿ, ಹರಿದಲ್ಲಿ ಅಂಟಿಸುತ್ತಾರೆ. ಎಂಬತ್ತು ದಾಟಿದ ಮೇಲೂ ದಿನಕ್ಕೊಂದು ಡಬ್ಬಿ.

ಸೋವಿಯತ್ ಕಾಲದಲ್ಲಿ ಇವರು ಸರ್ಕಾರಿ ವಾರ್ತಾಚಿತ್ರಗಳ ಛಾಯಾಗ್ರಾಹಕ. ಕುದುರೆಯ ಮೇಲೆ ಕ್ಯಾಮೆರಾ ಹೇರಿಕೊಂಡು ಕಿರ್ಗಿಜ್ ಬೆಟ್ಟಗಳನ್ನೆಲ್ಲ ಸುತ್ತಿದವರು. ಪರದೆಯ ಮೇಲೆ ಹೆಸರು ಬಂದದ್ದು ಅಪರೂಪ. "ಮಂತ್ರಿ ಮಾತಾಡ್ವಾಗ ಕ್ಯಾಮೆರಾ ಅಲುಗಬಾರ್ದು. ಕುರಿ ತೆಗೀವಾಗ ಅಲುಗಿದ್ರೆ ಕುರಿಯೇನೂ ದೂರು ಕೊಡಲ್ಲ" ಎಂದು ನಗುತ್ತಾರೆ.

ಅಣೆಕಟ್ಟಿನ ನೀರು ಚೊಲೊಕ್-ಬುಲಾಕ್ ಊರನ್ನು ನುಂಗುವ ಮುನ್ನಾದಿನ ಇವರು ಅದರ ಮನೆ, ಬಾವಿ, ಗೋರಿಗಳನ್ನೆಲ್ಲ ಚಿತ್ರಿಸಿದರು. ವಾರ್ತೆಗೆ ಬಳಕೆಯಾದದ್ದು ಅಧಿಕಾರಿಯ ಭಾಷಣ ಮಾತ್ರ. ಉಳಿದದ್ದು ಉಗ್ರಾಣ ಸೇರಿತು. ಆ ಊರಿನ ಇನ್ನೊಂದು ಚಿತ್ರ ಯಾರ ಬಳಿಯೂ ಇಲ್ಲ. "ಸಾಯೋಕೆ ಮುಂಚೆ ಆ ಜನಕ್ಕೆ ಒಂದ್ಸಲ ತೋರಿಸ್ಬೇಕು" ಎಂಬುದೊಂದೇ ಇವರ ಹಂಬಲ.

ಇವತ್ತು ಸುಳಿವು ಸಿಕ್ಕಿದೆ. ಉಗ್ರಾಣದ ಕಾವಲುಗಾರನಾಗಿದ್ದ ಮೆದೆರ್ ಆ ಡಬ್ಬಿಗಳನ್ನು ಮನೆಗೆ ಒಯ್ದಿದ್ದನಂತೆ. ತುರ್ದುಬಾಯ್ ಈಗ ಅವನ ಮನೆಯಲ್ಲಿ ಕೂತಿದ್ದಾರೆ. ಅವನ ಹೆಂಡತಿ ಕಲಿಪಾ ಅದೇ ಮುಳುಗಿದ ಊರಿನವಳು. ಚಹಾ ಬಗ್ಗಿಸುತ್ತ, ಅಪ್ಪನನ್ನು ಕರೆದಂತೆ ಕರೆದು ಕೇಳುತ್ತಾಳೆ: "ಅತಾ, ನಮ್ಮಮ್ಮನ ಗೋರಿ ಅದ್ರಲ್ಲಿದ್ಯಾ?"

"ಇದೆ ಮಗಳೇ. ಗೋರಿಗಳ ಮುಂದೆ ನಿಧಾನಕ್ಕೆ ಕ್ಯಾಮೆರಾ ತಿರುಗಿಸಿದ್ದೆ. ಒಂದನ್ನೂ ಬಿಟ್ಟಿಲ್ಲ."

"ಏನ್ರೀ, ಬಾಯಲ್ಲಿ ರೊಟ್ಟಿ ಸಿಕ್ಕೊಂಡಿದ್ಯಾ? ತಂದ್ಕೊಡಿ" ಎಂದು ಅವಳು ಗಂಡನನ್ನು ಗದರುತ್ತಾಳೆ.

ಮೆದೆರ್ ಏಳುವುದಿಲ್ಲ. "ಡಬ್ಬಿ ಇವೆ. ಕುಂಬಳದ ಬೀಜ ತುಂಬಿದೀನಿ."

"ಒಳಗಿದ್ದದ್ದು?" ಎನ್ನುತ್ತಾರೆ ತುರ್ದುಬಾಯ್.

ಅವನು ಹಲಗೆಯ ನೆಲವನ್ನೇ ನೋಡುತ್ತಾನೆ. ಅದು ಜೇನಿನಂತೆ ಹೊಳೆಯುತ್ತಿದೆ. "ಸೋವಿಯತ್ ಒಕ್ಕೂಟ ಒಡೆದ ವರ್ಷ ಅಂಗಡೀಲಿ ವಾರ್ನಿಷ್ ಎಲ್ಲಿತ್ತು ಅತಾ? ಎಲ್ರೂ ಮಾಡ್ತಿದ್ರು. ಬಿಸಿನೀರಲ್ಲಿ ಫಿಲ್ಮಿನ ಚಿತ್ರ ಉಜ್ಜಿ ತೆಗೆದು, ಉಳಿದ ಪಟ್ಟೀನ ಅಸಿಟೋನಲ್ಲಿ ಕರಗಿಸಿ, ನೆಲಕ್ಕೆ ಬಳಿಯೋದು. ಯಾವ್ದು ಯಾವ ಊರಿಂದು ಅಂತ ನಂಗೇನ್ ಗೊತ್ತು."

 

"ಉಜ್ಜಿದ್ದು ನಾನು" ಎನ್ನುತ್ತಾಳೆ ಕಲಿಪಾ. "ಅದೇ ಡಬ್ಬಿಗಳದ್ದು ಅಂತ ಗೊತ್ತಿರ್ಲಿಲ್ಲ. ನೀರು ಕಪ್ಪಗೆ ಹರೀತಿತ್ತು. ಒಂದ್ಸಲನೂ ಬೆಳಕಿಗೆ ಹಿಡಿದು ನೋಡ್ಲಿಲ್ಲ."

ಚಹಾದ ಬಟ್ಟಲು ಹಿಡಿದು ಎದ್ದವಳು ಕಂಬಳಿಯ ಅಂಚಿನಲ್ಲೇ ನಿಂತುಬಿಡುತ್ತಾಳೆ. ಮುಂದೆ ಬರಿಯ ನೆಲ. ಅವಳ ಪಾದ ಕೆಳಗಿಳಿಯದು.

ತುರ್ದುಬಾಯ್ ಬಗ್ಗಿ ಹಲಗೆಯ ಮೇಲೆ ಅಂಗೈ ಇಡುತ್ತಾರೆ. 

"ನಡಿ ಮಗಳೇ" ಎನ್ನುತ್ತಾರೆ. "ನಿನ್ನ ಊರೇ ಅಲ್ವಾ."

ಆಮೇಲೆ ಮೆದೆರ್‌ನ ಕಡೆ ತಿರುಗಿ, ಸಾಲ ಕೇಳುವವರ ದನಿಯಲ್ಲಿ: "ಇದರ ಮೇಲೆ ಬೇರೆ ಬಣ್ಣ ಮಾತ್ರ ಬಳೀಬೇಡಪ್ಪ."