ಎಡಬಲದ ಗುಂಡಿ

ಮೊನ್ನೆ ಮಂಗಳವಾರ ಕಾಕುವಿನ ಮಗ ನನ್ನ ಕೈಯಲ್ಲಿ ಒಂದು ಬಟ್ಟೆಯ ಚೀಲ ಇಟ್ಟ. ಕಾಕು ತೀರಿಕೊಂಡು ಒಂಬತ್ತು ದಿನವಾಗಿತ್ತು. ಮನೆಯವರನ್ನು ಮಾತಾಡಿಸಿಕೊಂಡು ಬರೋಣವೆಂದು ರಬಕವಿಯಿಂದ ಬನಹಟ್ಟಿಗೆ ಹೋಗಿದ್ದೆ. ಚೀಲದ ಗಂಟು ಬಿಚ್ಚಿದರೆ ಮೊದಲು ಡಾಂಬರ ಗುಳಿಗೆಯ ವಾಸನೆ, ಅದರ ಹಿಂದೆಯೇ ಹಳೆಯ ರೆಕ್ಸಿನ್ನಿನದು, ಕಡೆಗೆ ಕೊಬ್ಬರಿ ಎಣ್ಣೆಯದು. ಒಳಗಿದ್ದದ್ದು ಕಾಕುವಿನ ಹೆಡ್‌ಫೋನು. ಕಿವಿಯ ಮೇಲೆ ಕೂರುವ ಮೆತ್ತೆಗಳು ಪುಡಿಪುಡಿಯಾಗಿ, ಕರಿ ಚೂರುಗಳು ನನ್ನ ಸೆರಗಿಗೆಲ್ಲ ಅಂಟಿಕೊಂಡವು.

“ಅವ್ವ ಇದನ್ನ ನಿಮಗ ಕೊಡು ಅಂದಿದ್ಲರಿ,” ಎಂದ ಅವನು. ಪಾಪ, ಅವನಿಗೇನು ಗೊತ್ತು. ಪ್ರೀತಿಯಿಂದ ಕೊಟ್ಟದ್ದೆಂದೇ ತಿಳಿದಿದ್ದ. ಎರಡು ಕಿವಿಯ ಸಾಮಾನನ್ನು ಒಂದು ಕಿವಿಯವಳಿಗೆ ಕೊಟ್ಟು ಹೋದ ಹೆಂಗಸನ್ನು ಏನೆನ್ನಬೇಕು ನಾನು?

ಕಾಕು ಎಂದರೆ ನನ್ನ ಸ್ವಂತ ಚಿಕ್ಕಮ್ಮನಲ್ಲ. ಓಣಿಯವರೆಲ್ಲ ಆಕೆಯನ್ನು ಹಾಗೆ ಕರೆಯುತ್ತಿದ್ದರು, ನಾನೂ ಕರೆದೆ. ಗಂಡ ತೀರಿಕೊಂಡ ಮೇಲೆ ಎಂಟು ಪವರ್‌ಲೂಮ್ ಮಗ್ಗಗಳ ಶೆಡ್ಡನ್ನು ಒಬ್ಬಳೇ ನಡೆಸುತ್ತಿದ್ದಳು. ನಾನು ಆ ಶೆಡ್ಡಿನಲ್ಲಿ ಕೆಚ್ಚುವ ಕೆಲಸಕ್ಕೆ ಹೋಗುತ್ತಿದ್ದೆ. ಮಗ್ಗದ ಮೇಲಿನ ಹಾಸು, ಅಂದರೆ ಉದ್ದದ ಎಳೆಗಳು, ಮುಗಿಯಲು ಬಂದಾಗ ಹೊಸ ಹಾಸಿನ ಒಂದೊಂದು ಎಳೆಯನ್ನೂ ಹಳೆಯದರ ಒಂದೊಂದು ಎಳೆಗೆ ಬೆರಳಲ್ಲಿ ಹೊಸೆದು ಕೂಡಿಸಬೇಕು. ಸಾವಿರಾರು ಎಳೆ. ಬೆರಳಿಗೆ ಬೂದಿ ಹಚ್ಚಿಕೊಂಡು, ಅಲುಗಾಡದೆ, ಒಂದನ್ನೂ ತಪ್ಪಿಸದೆ ಮಾಡುವ ಕೆಲಸ. ನನ್ನ ಕೈ ಅದರಲ್ಲಿ ಚುರುಕಾಗಿತ್ತು. ಇದು ನಾನು ನನ್ನನ್ನೇ ಹೊಗಳಿಕೊಳ್ಳುವುದಲ್ಲ, ನಾನು ಕೆಚ್ಚಿದ ಹಾಸು ಬಾಚಣಿಗೆಯಂಥ ಫಣಿಯಲ್ಲಿ ಹಾಯುವಾಗ ಕಡಿಯುವುದಿಲ್ಲ ಎಂದು ಬೇರೆ ಶೆಡ್ಡಿನವರೂ ಕರೆಯಲು ಬರುತ್ತಿದ್ದರು. ಕಾಕು ಬಿಡುತ್ತಿರಲಿಲ್ಲ.

ಕೆಚ್ಚುವಾಗ ನಿಲ್ಲುವುದು ಆ ಒಂದು ಮಗ್ಗ ಮಾತ್ರ. ಉಳಿದ ಏಳೂ ಓಡುತ್ತಿರುತ್ತವೆ. ಮಗ್ಗದ ಹಿಂದೆ ಅಡ್ಡ ಕೂತರೆ, ಬಲಗೈಯವರಿಗೆ ಪಕ್ಕದ ಮಗ್ಗ ಸರಿಯಾಗಿ ಬಲಗಿವಿಗೆ ಬರುತ್ತದೆ, ಒಂದು ಮೊಳ ದೂರದಲ್ಲಿ. ಲಾಳಿಯನ್ನು ಹೊಡೆದು ಅಟ್ಟುವ ಕೋಲು ಅಲ್ಲಿಯೇ ಬಡಿಯುತ್ತದೆ. ಒಂಬತ್ತು ವರ್ಷ ನಾನು ಹಾಗೆಯೇ ಕೂತೆ. ಶೆಡ್ಡಿನಲ್ಲಿ ಯಾರೂ ಬಾಯಿಂದ ಮಾತಾಡುವುದಿಲ್ಲ. ನೀರು ಬೇಕೆಂದರೆ ಹೆಬ್ಬೆರಳು, ಎಳೆ ಹರಿಯಿತೆಂದರೆ ಎರಡು ಬೆರಳಿನ ಕತ್ತರಿ, ಉಳಿದದ್ದಕ್ಕೆ ತುಟಿ ನೋಡಿ ತಿಳಿದುಕೊಳ್ಳುವುದು. ಹೊರಗೆ ಬಂದರೆ ಇಡೀ ಊರು ಒದರಿಯೇ ಮಾತಾಡುತ್ತದೆ. ಇಂಥ ಊರಲ್ಲಿ ಕಿವಿ ಹೋದರೆ ಹೋದದ್ದು ಗೊತ್ತಾಗುವುದಾದರೂ ಹೇಗೆ?

ಕಾಕು ಶೆಡ್ಡಿಗೆ ಬರುವಾಗ ಮಾತ್ರ ಎರಡೂ ಕಿವಿಗೆ ಹತ್ತಿ ತುರುಕಿಕೊಂಡು ಬರುತ್ತಿದ್ದಳು. ನಮಗೆ ಅದೊಂದು ತಮಾಷೆ. “ಕಾಕುಂದು ಹಾಡಿನ ಕಿವಿ, ನಮ್ಮದು ಮಗ್ಗದ ಕಿವಿ,” ಎಂದು ನಗುತ್ತಿದ್ದೆವು. ಸುತ್ತ ಕಾಲಿಟ್ಟಲ್ಲಿ ಹತ್ತಿ, ನೂಲಿನ ಚೂರು. ಒಂದು ಚಿಟಿಕೆ ಎತ್ತಿ ನಮ್ಮ ಕಿವಿಗೂ ಇಟ್ಟುಕೊಳ್ಳಬಹುದಿತ್ತು ಎಂದು ನಮಗೆ ಹೊಳೆಯಲಿಲ್ಲ, ಆಕೆಯೂ ಹೇಳಲಿಲ್ಲ.

ಹಾಡು ಎಂದರೆ ಕಾಕುವಿಗೆ ಜೀವ. ಮುಂಬೈಯಲ್ಲಿದ್ದ ಅವಳ ತಮ್ಮ, ಹಡಗಿನಿಂದ ಇಳಿದ ಯಾರದೋ ಕೈಯಿಂದ ಕೊಂಡು, ಒಂದು ಟೇಪು, ಒಂದು ಆಂಪ್ಲಿಫಯರ್, ಜೊತೆಗೆ ಈ ಹೆಡ್‌ಫೋನನ್ನು ತಂದುಕೊಟ್ಟಿದ್ದ. ನಡುಮನೆಯ ಒಳಗಿನ ಕೋಣೆಯಲ್ಲಿ ಕಸೂತಿಯ ಬಟ್ಟೆ ಹೊದಿಸಿ ಇಟ್ಟಿದ್ದಳು. ಮಧ್ಯಾಹ್ನ ಊಟಕ್ಕೆ ನಮ್ಮ ಮಗ್ಗ ನಿಂತರೂ ಅಕ್ಕಪಕ್ಕದ ಶೆಡ್ಡುಗಳು ನಿಲ್ಲುತ್ತಿರಲಿಲ್ಲ, ಗೋಡೆ ನಡುಗುತ್ತಲೇ ಇರುತ್ತಿತ್ತು. ಅಂಥ ಒಂದು ಮಧ್ಯಾಹ್ನ ಕಾಕು ನನ್ನನ್ನು ಒಳಗೆ ಕರೆದಳು.

“ಮೊದಲ ತುರುಬು ಕೆಳಗ ಇಳಿಸ ಬೇ, ಇಲ್ಲಂದ್ರ ಕೂಡಂಗಿಲ್ಲ ಇದು,” ಎಂದು ತಾನೇ ನನ್ನ ತಲೆಗೆ ಹಾಕಿದಳು.

ಭಾರವಾಗಿತ್ತು. ಎರಡೂ ಬಟ್ಟಲು ಹಿಂದಿನಿಂದ ಪೂರಾ ಮುಚ್ಚಿದ್ದವು, ಕಿವಿಯನ್ನು ಇಡಿಯಾಗಿ ಒಳಗೆ ತೆಗೆದುಕೊಂಡು ಮೆತ್ತಗೆ ಕೂತವು. ಊರೆಲ್ಲ ಒಮ್ಮೆಲೇ ದೂರ ಹೋಯಿತು. ನಾನು ಹುಟ್ಟಿದಂದಿನಿಂದ ಮಗ್ಗದ ಸದ್ದಿಲ್ಲದ ಹಗಲು ಕಂಡವಳಲ್ಲ. ಹೆದರಿಕೆಯಾಗಿ ಕಾಕುವಿನ ಕೈ ಹಿಡಿದೆ. ಆಕೆ ನಕ್ಕು ಟೇಪು ಹಚ್ಚಿದಳು.

ಯಾರೋ ಗವಾಯಿ. ತಂಬೂರಿ ಮೊದಲು ಬಂತು. ತಂತಿ ಮಿಡಿಯುವ ಬೆರಳಿನ ಉಗುರು ತಾಕುವುದು ಕೇಳಿಸಿತು. ಹಾಡುವ ಮೊದಲು ಆತ ಉಸಿರು ಎಳೆದುಕೊಂಡದ್ದು, ತಬಲಾದವನು ಅಂಗೈಯಿಂದ ಚರ್ಮ ಒರೆಸಿದ್ದು ಕೂಡ ಕೇಳಿಸಿತು. ಧ್ವನಿ ಎಡಕ್ಕೂ ಇಲ್ಲ, ಬಲಕ್ಕೂ ಇಲ್ಲ, ಎರಡು ಹುಬ್ಬಿನ ನಡುವೆ ಬಂದು ನಿಂತಿತ್ತು. ನನಗೆ ಅಳು ಬಂತು. ಯಾಕೆ ಬಂತು ಎಂದು ಇಂದಿಗೂ ಹೇಳಲಾರೆ.

“ಇದರಾಗ ಸ್ಪೀಕರಿನಂಗ ಭೋಂಗಾ ಇಲ್ಲವಾ,” ಎಂದು ಕಾಕು ಹೆಮ್ಮೆಯಿಂದ ಹೇಳಿದ್ದಳು. “ಒಂದ ತೆಳ್ಳನ ಹಾಳಿ ಐತಿ. ಹಾಳಿ ತುಂಬಾ ತಂತಿ ಗೆರಿ. ಎರಡೂ ಬಾಜೂಕ ಅಯಸ್ಕಾಂತ. ಇಡೀ ಹಾಳಿನ ಒಮ್ಮೆಲೆ ನಡಗತೈತಿ. ಅದಕ್ಕ ಇಷ್ಟ ಸ್ವಚ್ಛ.” ಹಾಸಿನ ಒಂದೊಂದು ಎಳೆ ಕೂಡಿಸುವ ನನಗೆ ಆ ಮಾತು ಬಹಳ ಹಿಡಿಸಿತು.

ಅಂದಿನಿಂದ ದಿನಾ ಮಧ್ಯಾಹ್ನ ಅರ್ಧ ಗಂಟೆ ನನ್ನದು. ಬೇರೆ ಯಾರಿಗೂ ಇಲ್ಲ. ರೊಟ್ಟಿ ಎರಡು ತುತ್ತಿನಲ್ಲಿ ಮುಗಿಸಿ ಓಡುತ್ತಿದ್ದೆ. ಪಕ್ಕದ ಶೆಡ್ಡಿನವನು ಹೆಚ್ಚು ಕೂಲಿ ಕೊಡುತ್ತೇನೆ ಬಾ ಎಂದಾಗ, ಆ ಅರ್ಧ ಗಂಟೆ ನೆನಪಾಗಿ ಹೋಗಲಿಲ್ಲ. ನನ್ನ ಗಂಡ, “ಏನ ಮಾಟ ಮಾಡ್ಯಾಳ ಆಕಿ ನಿನಗ?” ಎಂದು ಕಾಡಿಸುತ್ತಿದ್ದ. ಮಾಟವೇ ಸರಿ.

ಒಂದು ವರ್ಷವಾದ ಮೇಲಿರಬೇಕು... ಹಾಡು ಎಡಗಡೆಗೆ ಸರಿದಂತೆ ಅನಿಸಿತು. ಕಾಕುವಿಗೆ ಹೇಳಿದೆ. ಆಕೆ ಹೆಡ್‌ಫೋನು ತೆಗೆದುಕೊಂಡು ತಾನು ಹಾಕಿಕೊಂಡಳು. ಕಣ್ಣು ಮುಚ್ಚಿ ಬಹಳ ಹೊತ್ತು ಕೇಳಿದಳು. ಆಮೇಲೆ ನನ್ನ ಮುಖ ನೋಡಿ, “ಹೌದ ನೋಡು, ಗುಂಡಿ ಸರದೈತಿ,” ಎಂದು ಆಂಪ್ಲಿಫಯರಿನ ಒಂದು ಗುಂಡಿಯನ್ನು ಚೂರು ಬಲಕ್ಕೆ ತಿರುಗಿಸಿದಳು. ಎಡದ ಸದ್ದು, ಬಲದ ಸದ್ದು ಹೆಚ್ಚುಕಡಿಮೆ ಮಾಡುವ ಗುಂಡಿ ಅದು. ಹಾಡು ಮತ್ತೆ ನಡುವೆ ಬಂತು. ಆರು ತಿಂಗಳಿಗೆ ಮತ್ತೆ ಸರಿಯಿತು, ಮತ್ತೆ ಗುಂಡಿ ತಿರುಗಿತು. “ಹಳೇದಾತವಾ ಮಶೀನು,” ಎನ್ನುತ್ತಿದ್ದಳು. ನಾನೂ ಮಶೀನಿಗೆ ಮರುಗಿದೆ.

ಮನೆಯಲ್ಲಿ ನನ್ನ ಮಗಳು ಆಗ ಆರೇಳು ವರ್ಷದವಳು. ನಾಚಿಕೆ ಸ್ವಭಾವ, ಹೇಳುವುದಿದ್ದರೆ ಕಿವಿಯಲ್ಲಿ ಹೇಳುವ ಚಟ. ನನ್ನ ಬಲಭುಜ ಹಿಡಿದು ತೂಗುಬಿದ್ದು ಏನೋ ಪಿಸುಗುಡುತ್ತಿದ್ದಳು. ನಾನು “ಹೂಂ, ಹೂಂ” ಎಂದು ಒಲೆಯ ಕಡೆ ತಿರುಗುತ್ತಿದ್ದೆ. ಕೆಲವು ದಿನಕ್ಕೆ ಅವಳು ಕಿವಿಯಲ್ಲಿ ಹೇಳುವುದನ್ನು ಬಿಟ್ಟಳು. ದೊಡ್ಡವಳಾದಳು, ಬುದ್ಧಿ ಬಂತು ಅಂದುಕೊಂಡೆ ನಾನು.

ಬಯಲಾದದ್ದು ಒಂದು ಶನಿವಾರ. ಜಮಖಂಡಿಯಿಂದ ರೇಡಿಯೊ ರಿಪೇರಿಯವನು ಬಂದು ಆಂಪ್ಲಿಫಯರ್ ಬಿಚ್ಚಿ, ಧೂಳು ಹೊಡೆದು, ಗುಂಡಿಗಳನ್ನೆಲ್ಲ ನಟ್ಟನಡುವೆ ನಿಲ್ಲಿಸಿ ಹೋಗಿದ್ದ. ಕಾಕು ಅಡುಗೆಮನೆಯಲ್ಲಿ ಚಹಾ ಸೋಸುತ್ತಿದ್ದಳು. ದಿನಾ ಆಕೆಯೇ ನನ್ನ ತಲೆಗೆ ಹಾಕಿ ಹಚ್ಚುವುದು ರೂಢಿ. ಅಂದು ನಾನು ಅವಸರ ಮಾಡಿ ನಾನೇ ಹಾಕಿಕೊಂಡು ಟೇಪು ಹಚ್ಚಿದೆ.

ಹಾಡು ಪೂರಾ ಎಡಗಿವಿಯಲ್ಲಿ. ಬಲಗಡೆ ತಂಬೂರಿಯೂ ಇಲ್ಲ, ಉಸಿರೂ ಇಲ್ಲ. ರಿಪೇರಿಯವನು ಕೆಡಿಸಿ ಹೋದನೆಂದು ಬೈದುಕೊಂಡು, ಯಾವ ಬಟ್ಟಲು ಸತ್ತಿದೆ ನೋಡೋಣವೆಂದು ಹೆಡ್‌ಫೋನನ್ನು ತಿರುವಿ, ಎಡದ್ದನ್ನು ಬಲಕ್ಕೆ ಹಾಕಿಕೊಂಡೆ. ಆಗಲೂ ಎಡಗಿವಿಯಲ್ಲೇ ಹಾಡು. ಮತ್ತೆ ತಿರುವಿದೆ. ಮತ್ತೆ ಎಡವೇ. ಬಟ್ಟಲು ಎರಡೂ ಜೀವಂತ ಇದ್ದವು.

ಗುಂಡಿಯ ಹತ್ತಿರ ಬಗ್ಗಿ ನೋಡಿದೆ. ಅದರ ಬಲಬದಿಯ ತಗಡಿನ ಮೇಲೆ ಸಣ್ಣ ಪೆನ್ಸಿಲ್ ಗೆರೆಗಳು. ಒಂದರ ಮುಂದೆ ಒಂದು, ನಾಲ್ಕು. ತಾನು ಕೇಳುವಾಗ ಗುಂಡಿಯನ್ನು ನಡುವೆ ಇಟ್ಟುಕೊಂಡು, ನಾನು ಬರುವ ಹೊತ್ತಿಗೆ ನನ್ನ ಗೆರೆಗೆ ತಂದು ನಿಲ್ಲಿಸಲು ಮಾಡಿಕೊಂಡ ಗುರುತು ಅದು. ಮಗ್ಗದವರೆಲ್ಲ ಹಾಗೆ ಗುರುತು ಹಾಕುತ್ತೇವೆ, ಅದಕ್ಕೇ ನನಗೆ ನೋಡಿದ ತಕ್ಷಣ ತಿಳಿಯಿತು.

ಕಾಕು ಚಹಾ ಹಿಡಿದು ಬಾಗಿಲಲ್ಲಿ ನಿಂತಿದ್ದಳು. ನನ್ನ ಬೆರಳು ಗೆರೆಯ ಮೇಲಿತ್ತು.

“ಯಾವಾಗಿಂದ ಗೊತ್ತಿತ್ರಿ ನಿಮಗ?” ಎಂದೆ.

“ಮೊದಲನೇ ಸಲ ನೀ ಹೇಳಿದಾಗನ.”

“ಮತ್ತ ಯಾಕ ಹೇಳಲಿಲ್ರಿ?”

ಕಪ್ಪನ್ನು ಕಿಟಕಿಯ ಕಟ್ಟೆಯ ಮೇಲಿಟ್ಟಳು. “ಹೇಳಿದ್ರ ನೀ ಕೆಲಸ ಬಿಡತಿದ್ದಿ. ನಿನ್ನಂಗ ಕೆಚ್ಚಾವ್ರು ಯಾರ ಅದಾರ ನನಗ?” ಕಸೂತಿಯ ಬಟ್ಟೆಯನ್ನು ಎತ್ತಿ ಮಡಿಸುತ್ತ, “ಮತ್ತ ಹಾಡು ಕೇಳೂಮುಂದ ನಿನ್ನ ಮಾರಿ ನೋಡಿದ್ರ... ಕೆಡಸಬಾರದು ಅನಸತಿತ್ತವಾ,” ಎಂದಳು. ಎರಡನೆಯದೂ ಖರೆಯೇ ಇರಬಹುದು. ಆದರೆ ಮೊದಲು ಬಾಯಿಗೆ ಬಂದದ್ದು ಮೊದಲನೆಯದು.

ನಾನು ಬೈಯಲಿಲ್ಲ. ಬೈಯಬೇಕಿತ್ತು, ಓಣಿ ಕೂಡಿಸಿ ಬೈಯಬೇಕಿತ್ತು. ಕೈ ಹಿಡಿದು ಸಮಾಧಾನ ಮಾಡಿದವಳು, ನನ್ನ ತುರುಬು ಇಳಿಸಿ ತಾಯಿಯಂತೆ ತಲೆ ನೇವರಿಸಿದವಳು, ನನ್ನ ಕಿವಿ ಸಾಯುವುದನ್ನು ಪೆನ್ಸಿಲ್ಲಿನಿಂದ ಅಳೆಯುತ್ತ ಕೂತಿದ್ದಳಲ್ಲ... ಆ ಚಹಾ ಅಲ್ಲಿಯೇ ಆರಿತು. ನಾನು ಮತ್ತೆ ಆ ಶೆಡ್ಡಿಗೆ ಕಾಲಿಡಲಿಲ್ಲ.

ಜಮಖಂಡಿಯ ಕಿವಿ ಡಾಕ್ಟರು ನೋಡಿ, ಬಲಗಿವಿಯ ನರ ಹೋಗಿದೆ, ಇನ್ನು ತಿರುಗಿ ಬರುವುದಿಲ್ಲ ಎಂದರು. ಶುರುವಿನಲ್ಲೇ ಆ ಸದ್ದಿನಿಂದ ದೂರ ಸರಿದಿದ್ದರೆ ಅಷ್ಟರಲ್ಲೇ ನಿಲ್ಲುತ್ತಿತ್ತಂತೆ. ಗಂಡನಿಗೊಬ್ಬನಿಗೆ ಹೇಳಿದೆ. ಉಳಿದವರಿಗೆಲ್ಲ ಬೆನ್ನುನೋವು, ಅದಕ್ಕೇ ಬಿಟ್ಟೆ ಎಂದೆ. ಕೆಪ್ಪಿ ಎಂದು ಕರೆಸಿಕೊಳ್ಳುವ ಧೈರ್ಯ ನನಗಿರಲಿಲ್ಲ. ಹೊಲಿಗೆ ಮಶೀನು ಇಟ್ಟುಕೊಂಡು ಜಂಪರು ಹೊಲಿಯುತ್ತ ಕೂತೆ.

ಇಲ್ಲಿಗೇ ಮುಗಿದಿದ್ದರೆ ನಾನು ಮೋಸ ಹೋದವಳಾಗಿ ಸುಮ್ಮನಿರುತ್ತಿದ್ದೆ. ಮುಗಿಯಲಿಲ್ಲ.

ನಾನು ಬಿಟ್ಟ ತಿಂಗಳಿಗೆ ಕಾಕು ಕೆಚ್ಚಲು ಬೇರೊಬ್ಬರನ್ನು ಹುಡುಕುತ್ತಿದ್ದಳು. ನಮ್ಮ ಓಣಿಗೆ ಗಲಗಲಿಯಿಂದ ಸೊಸೆಯಾಗಿ ಬಂದ ಹುಡುಗಿ ನಮ್ಮ ಮನೆಯ ಕಟ್ಟೆಯ ಮೇಲೆ ಕೂತು ನನ್ನಿಂದ ಕೆಚ್ಚುವುದನ್ನು ಕಲಿತಿದ್ದಳು. ಹೊಳೆದಂಡೆಯವಳು, ಮಗ್ಗ ಕಂಡವಳಲ್ಲ, ಮೇಲಾಗಿ ಎಡಚಿ. ಎಡಗೈಯಿಂದ ಹೊಸೆಯುವುದರಿಂದ ನನಗೆ ಬೆನ್ನು ಮಾಡಿ ಎದುರು ದಿಕ್ಕಿಗೆ ಕೂರುತ್ತಿದ್ದಳು. ಆದರೆ ಕೈ ಚುರುಕು. “ಹೋಗಲೇನ್ರಿ ಅಕ್ಕಾ? ಹೆಂಗ ಅದಾರ ಅವರು?” ಎಂದು ಕೇಳಿದಳು.

ಆಗಲೇ ಹೇಳಬೇಕಿತ್ತು. ಒಂದು ಮಾತು, ಕಿವಿಗೆ ಹತ್ತಿ ಇಟ್ಟುಕೊ ಎಂದರೆ ಸಾಕಿತ್ತು. ಹೇಳಿದರೆ ಯಾಕೆ ಎಂದು ಕೇಳುತ್ತಿದ್ದಳು, ನನ್ನ ಗುಟ್ಟು ಬೀದಿಗೆ ಬೀಳುತ್ತಿತ್ತು. “ಛಲೋ ಅದಾರವಾ. ಮಧ್ಯಾಹ್ನ ಹಾಡು ಕೇಳಸ್ತಾರ,” ಎಂದೆ.

ಕೆಲವು ವರ್ಷ ಅಲ್ಲಿ ಕೆಲಸ ಮಾಡಿ ಅವಳು ಗಂಡನೊಂದಿಗೆ ತೇರದಾಳಕ್ಕೆ ಹೋದಳು. ಹೋದ ವರ್ಷ ತೇರದಾಳದ ಬಸ್ ಸ್ಟ್ಯಾಂಡಿನಲ್ಲಿ ಕಂಡಿದ್ದಳು. ಮೂರು ಸಲ ಕರೆದೆ, ತಿರುಗಿ ನೋಡಲಿಲ್ಲ. ನಾಲ್ಕು ದುಡ್ಡು ಕಂಡು ಸೊಕ್ಕು ಬಂದಿದೆ ಅಂದುಕೊಂಡು ನನ್ನ ಬಸ್ಸು ಹತ್ತಿದೆ.

ಮೊನ್ನೆ ಕಾಕುವಿನ ಮಗ ಚೀಲ ಕೊಟ್ಟ ಮೇಲೆ, “ಅದರ ಪೆಟ್ಟಿಗಿನೂ ಒಯ್ಯರಿ, ಇಲ್ಲಿ ಯಾರ ಕೇಳತಾರ,” ಎಂದು ಕಪಾಟಿನ ಕೆಳಗಿನಿಂದ ಆಂಪ್ಲಿಫಯರನ್ನು ಎಳೆದ. ಕಸೂತಿಯ ಬಟ್ಟೆ ಹಾಗೆಯೇ ಇತ್ತು. ಸರಿಸಿದೆ. ಗುಂಡಿಯ ಬಲಕ್ಕೆ ನನ್ನ ನಾಲ್ಕು ಪೆನ್ಸಿಲ್ ಗೆರೆಗಳು, ಅರ್ಧ ಅಳಿಸಿದ್ದವು. ಎಡಕ್ಕೆ, ನಾನೆಂದೂ ನೋಡಿರದ ಮೂರು ಗೆರೆ. ಕೆಂಪು ಪೆನ್ನಿನವು.

ಮೂರನೆಯ ಗೆರೆಯ ಮೇಲೆ ಬೆರಳಿಟ್ಟು ಕೂತೆ. ಎದುರು ದಿಕ್ಕಿಗೆ ಕೂತ ಎಡಚಿಯ ಎಡಗಿವಿ. ಬಸ್ ಸ್ಟ್ಯಾಂಡಿನಲ್ಲಿ ನಾನು ಅವಳ ಎಡಗಡೆಯಿಂದ ಕರೆದಿದ್ದೆ. ಕಾಕುವಿನ ಮಗ ಏನೋ ಕೇಳಿದ, ನನ್ನ ಬಲಕ್ಕಿದ್ದ, ಕೇಳಿಸಲಿಲ್ಲ.

ಪೆಟ್ಟಿಗೆ ಬೇಡವೆಂದು ಚೀಲ ಮಾತ್ರ ತಂದಿದ್ದೇನೆ. ಮಗಳು ಜಮಖಂಡಿಯ ಕಾಲೇಜಿನಿಂದ ಬಂದವಳು ಕರಿ ಚೂರು ಗುಡಿಸುತ್ತ ಇದೇನು ಎಂದು ಕೇಳಿದಳು. ಮೊದಲ ಸಲ ಎಲ್ಲವನ್ನೂ ಹೇಳಿದೆ. ಕಿವಿಯಲ್ಲಿ ಹೇಳುತ್ತಿದ್ದ ಮಾತಿಗೆ ನಾನು ಯಾಕೆ ಉತ್ತರ ಕೊಡಲಿಲ್ಲ ಎಂಬುದನ್ನೂ. ಆಗೆಲ್ಲ ನೀನು ಏನು ಹೇಳುತ್ತಿದ್ದೆ ಎಂದು ಕೇಳಿದರೆ, ಅವಳಿಗೆ ನೆನಪಿಲ್ಲವಂತೆ.

ಕಾಕುವನ್ನು ಕ್ಷಮಿಸಲು ನನ್ನಿಂದಾಗಿಲ್ಲ. ಆ ಹಾಡುಗಳು ಇನ್ನೂ ಬೇಕೆನಿಸುತ್ತವೆ, ಅದೇ ದೊಡ್ಡ ಸಂಕಟ. ನಾಳೆ ಬೆಳಗಿನ ಬಸ್ಸಿಗೆ ತೇರದಾಳಕ್ಕೆ, ಆ ಎಡಚಿ ಹುಡುಗಿಯನ್ನು ಕಾಣಲು ಹೋಗುತ್ತೇನೆ. ನಾನು ಅವಳ ಬಲಕ್ಕೆ ಕೂತರೆ ಅವಳು ನನ್ನ ಎಡಕ್ಕೆ ಬರುತ್ತಾಳೆ, ಇಬ್ಬರಿಗೂ ಕೇಳುತ್ತದೆ. ನಾನು ಹೇಳಿದ್ದನ್ನು ಕೇಳಿಸಿಕೊಂಡ ಮೇಲೆ, ನಾನು ಕಾಕುವಿಗೆ ಕೇಳಿದ್ದನ್ನೇ ಅವಳು ನನಗೆ ಕೇಳುತ್ತಾಳೆ. ಯಾವಾಗಿಂದ ಗೊತ್ತಿತ್ತು, ಯಾಕೆ ಹೇಳಲಿಲ್ಲ ಎಂದು.