ಹರಳೆಣ್ಣೆ ಹಚ್ಚಿದ ಕೈ

ಸಿಡ್ನಿಯ ಅಂಚಿನ ಲಿವರ್‌ಪೂಲ್‌ನಲ್ಲಿ ನಾವಿದ್ದಾಗ ಪಕ್ಕದ ಮನೆಯ ಬಾಗಿಲನ್ನು ತಟ್ಟುವ ಹಾಗಿರಲಿಲ್ಲ. ಹೊಸದರಲ್ಲಿ ಸುತ್ತಿಗೆ ಕೇಳೋಣವೆಂದು ನಾನೊಮ್ಮೆ ಹೋಗಿ ತಟ್ಟಿದೆ. ಬಾಗಿಲ ಚೌಕಟ್ಟಿಗೆ ತಲೆ ತಗಲದಂತೆ ಬಗ್ಗಿ ಹೊರಬಂದ ಮನುಷ್ಯನ ಮುಖದಲ್ಲಿ ಕಳೆಯೇ ಇರಲಿಲ್ಲ. ಸುತ್ತಿಗೆ ಕೊಟ್ಟ, ಆಮೇಲೆ ಮೆಟ್ಟಿಲ ಮೇಲೆ ಕೂತು, "ಇನ್ನೊಂದು ಸಲ ಬಂದರೆ ಹೆಸರು ಹಿಡಿದು ಕೂಗು, ಪ್ಲೀಸ್. ತಟ್ಟಬೇಡ" ಅಂದ.

ಅವನು ಅಮೆರಿಕದವನು. ಅಲ್ಲಿನ ಫುಟ್‌ಬಾಲೇ ಅವನ ಕಸುಬು. ಹೆಲ್ಮೆಟ್ಟು, ಭುಜದ ಕವಚ ತೊಟ್ಟು ಆಡುವ, ಕೈಯಲ್ಲಿ ಚೆಂಡು ಹಿಡಿದು ಓಡುವ ಆಟ. ಬೇಸಿಗೆಯಲ್ಲಿ ಬೇಕಾದ್ದಕ್ಕಿಂತ ಹೆಚ್ಚು ಆಟಗಾರರನ್ನು ಶಿಬಿರಕ್ಕೆ ಕರೆದು, ಆಟದ ಕಾಲ ಹತ್ತಿರವಾದಂತೆ ಒಬ್ಬೊಬ್ಬರನ್ನೇ ಮನೆಗೆ ಕಳಿಸುವುದು ಅಲ್ಲಿನ ಪದ್ಧತಿ. ಕಳಿಸಬೇಕಾದವನ ಕೋಣೆಯ ಬಾಗಿಲನ್ನು ಬೆಳಗ್ಗೆ ಒಬ್ಬ ಬಂದು ತಟ್ಟುತ್ತಾನೆ. "ಕೋಚ್ ಕರೀತಿದಾರೆ" ಎನ್ನುತ್ತಾನೆ. ಅಷ್ಟೇ. ಕೆಲವು ವರ್ಷ ಆಡಿದ ಇವನು ಆ ಸದ್ದನ್ನು ಬೇರೆ ಬೇರೆ ಊರುಗಳಲ್ಲಿ ಕೇಳಿದ್ದ. ಕೊನೆಯ ಸಲ ಕೇಳಿದ ಮೇಲೆ, ಅಲ್ಲೇ ಪರಿಚಯವಾಗಿ ಮದುವೆಯಾಗಿದ್ದ ಸಿಡ್ನಿಯ ಹುಡುಗಿಯ ಜೊತೆ ಇಲ್ಲಿಗೆ ಬಂದ. ಅವಳು ನರ್ಸ್. ಇವನು ಶನಿವಾರ ಇಲ್ಲಿನ ಹವ್ಯಾಸಿಗಳ ಜೊತೆ ಅದೇ ಆಟ ಆಡಿಕೊಂಡು, ಉಳಿದ ದಿನ ಗೋಡೌನಿನಲ್ಲಿ ಪೆಟ್ಟಿಗೆ ಎತ್ತಿಕೊಂಡು ಇದ್ದ. ತೊಂಬತ್ತರ ದಶಕ ಆಗಷ್ಟೇ ಶುರುವಾಗಿತ್ತು.

ಆ ವರ್ಷ ನಮ್ಮಮ್ಮ ಮೈಸೂರಿನಿಂದ ಬಂದಿದ್ದರು. ಬಾಗಿಲಿನ ಕಥೆ ಕೇಳಿ, "ಅದಕ್ಕೇನಂತೆ, ನಾವೇನು ಬಾಗಿಲು ತಟ್ಟೋರೇ?" ಎಂದು ಗೇಟಿನ ಬಳಿ ನಿಂತು, "ಯಾರಿದೀರಪ್ಪಾ ಮನೇಲಿ" ಅನ್ನತೊಡಗಿದರು. ಅವನಿಗೆ ಕನ್ನಡ ಬಾರದು, ಆದರೂ ಆ ಕೂಗಿಗೆ ನಗುತ್ತ ಬರುತ್ತಿದ್ದ. ಅಮ್ಮನಿಗೆ ಅವನು ಆನೆಮರಿ. ಅವನಿಗೆ ಅವರು ನಾನು ಕರೆದ ಹಾಗೇ ಅಮ್ಮ.

ಒಂದು ಸಂಜೆ ನಮ್ಮ ಊಟದ ಮೇಜಿನ ಮೇಲೆ ಸ್ಟೀಲ್ ಲೋಟಗಳನ್ನು ಸಾಲಾಗಿ ಇಟ್ಟು ತನ್ನ ಆಟವನ್ನು ವಿವರಿಸಿದ. ಈ ಸಾಲಿನವರು ಎದುರಿನವರನ್ನು ಎದೆಗೊಟ್ಟು ತಡೆಯುವವರು, ಚೆಂಡು ಮುಟ್ಟುವಂತಿಲ್ಲ. ದೂರದಲ್ಲಿರುವ ಈ ಎರಡು ಲೋಟ ಓಡಿ ಹೋಗಿ ಚೆಂಡು ಹಿಡಿಯುವವರು. ಸಾಲಿನ ತುದಿಯ ಈ ಲೋಟ ತಾನು, ಟೈಟ್ ಎಂಡ್. ತಡೆ ಅಂದರೆ ತಡೆಯಬೇಕು, ಓಡು ಅಂದರೆ ಓಡಿ ಹಿಡಿಯಬೇಕು.

ನಾನು ಕನ್ನಡದಲ್ಲಿ ಹೇಳಿದೆ. ಅಮ್ಮ ಲೋಟಗಳನ್ನೇ ನೋಡಿ, "ಗೊತ್ತಾಯ್ತು ಬಿಡು, ನಡುವಲ ಸೊಸೆ" ಅಂದರು. "ಒಲೆ ಮುಂದೆ ಬೇಯೋದಕ್ಕೂ ಅವಳೇ ಬೇಕು, ಪಂಕ್ತೀಲಿ ಬಡಿಸೋದಕ್ಕೂ ಅವಳೇ ಬೇಕು. ಹೆಸರು ಹಿರೀ ಸೊಸೇದು, ಮುದ್ದು ಕಿರೀದಕ್ಕೆ."

ಅದನ್ನು ಇಂಗ್ಲಿಷಿಗೆ ತರುವುದಕ್ಕೆ ಸ್ವಲ್ಪ ಹೊತ್ತು ಹಿಡಿಯಿತು. ಕೇಳಿ ಅವನು ತನ್ನ ಲೋಟವನ್ನು ಎತ್ತಿ ನೀರು ಕುಡಿದ. "ನನ್ನ ಕೋಚ್‌ಗಳಿಗೆ ಇದನ್ನು ಯಾರಾದರೂ ಹೇಳಬೇಕಿತ್ತು" ಅಂದ.

ಚಳಿಗಾಲದ ಹೊತ್ತಿಗೆ ಒಂದು ಸುದ್ದಿ ಬಂತು. ಯುರೋಪಿನಲ್ಲಿ ಈ ಆಟದ ಒಂದು ಲೀಗ್ ಶುರುವಾಗಿದೆ, ಅಲ್ಲಿನ ತಂಡಕ್ಕೆ ಆಟಗಾರರನ್ನು ಆರಿಸುವ ಅಮೆರಿಕನ್ ಒಬ್ಬ ಮೆಲ್ಬರ್ನಿಗೆ ಬರುತ್ತಾನೆ. ಕೈಯಾಟವಾದರೂ ಅದರಲ್ಲಿ ಒದೆಯಲೆಂದೇ ಒಬ್ಬ ಬೇಕಂತೆ; ಆರಿಸುವವನು ಬರುವುದು ಚೆಂಡನ್ನು ದೂರ ಒದೆಯಬಲ್ಲ ಮೆಲ್ಬರ್ನಿನ ಹುಡುಗರನ್ನು ಹುಡುಕಿಕೊಂಡು. ಇವನ ಫೋನಿಗೆ, "ಬೇಕಾದರೆ ಬಾ, ಕೊನೆಯಲ್ಲಿ ನೋಡ್ತೀನಿ" ಅಂದಿದ್ದನಂತೆ. ನಮ್ಮ ಆನೆಮರಿಗೆ ಅಷ್ಟೇ ಸಾಕಾಯಿತು.

ಅವನ ಹೆಂಡತಿ ಬೇಲಿಯಾಚೆಯಿಂದಲೇ ನನಗೆ ಕೇಳುವ ಹಾಗೆ ಹೇಳಿದಳು: "ಇದು ಕೊನೇದು. ಅವನೇ ಮಾತು ಕೊಟ್ಟಿದಾನೆ. ಆಗಲಿಲ್ಲ ಅಂದ್ರೆ ಸೋಮವಾರದಿಂದ ನಮ್ಮಪ್ಪನ ಟೈಲ್ಸ್ ಅಂಗಡಿ. ಆ ಶೂಸ್ ಬಿನ್‌ಗೆ." ಅವನು ಹುಲ್ಲು ಕತ್ತರಿಸುತ್ತಿದ್ದವನು ತಲೆಯೆತ್ತಲಿಲ್ಲ.

ಅಷ್ಟರಲ್ಲಿ ಶನಿವಾರದ ಆಟದಲ್ಲಿ ಅವನ ಬಲಗೈ ಉಂಗುರದ ಬೆರಳು ಹೊರಳಿ ಗಿಣ್ಣು ಬಾಳೆಕಾಯಿಯಂತೆ ಊದಿಕೊಂಡಿತು. ಹೆಂಡತಿ ಪಟ್ಟಿ ಕಟ್ಟಿ, ರೆಸ್ಟ್ ಕೊಡು ಅಂದಳು. ಅಮ್ಮ ನೋಡಿದವರೇ ಹರಳೆಣ್ಣೆಗೆ ಅರಿಶಿನ ಹಾಕಿ ಬಿಸಿ ಮಾಡಿದರು. ದಿನಾ ಸಂಜೆ ನಮ್ಮ ಹಿತ್ತಲ ಮೆಟ್ಟಿಲ ಮೇಲೆ ಆ ಭಾರಿ ಕೈಯನ್ನು ತಮ್ಮ ಮಡಿಲಲ್ಲಿಟ್ಟುಕೊಂಡು ನೀವುತ್ತಿದ್ದರು. ಊತ ಇಳಿಯಿತು. ಪೂರಾ ಅಲ್ಲ; ಮಡಿಸಿದರೆ ಅವನ ದವಡೆ ಬಿಗಿಯುತ್ತಿತ್ತು.

"ಆ ಆರಿಸೋನಿಗೆ ಇದನ್ನ ಹೇಳ್ತೀಯಾ?" ಎಂದು ನಾನು ಕೇಳಿದೆ.

"ಪೆಟ್ಟಾದವನ ಕಡೆ ಅವರು ತಿರುಗಿಯೂ ನೋಡಲ್ಲ" ಅಂದ.

ಮೆಲ್ಬರ್ನಿನ ಕ್ಲೇಟನ್‌ನಲ್ಲಿ ನನ್ನ ಚಿಕ್ಕಮ್ಮ ಇದ್ದರು. ಅಕ್ಕತಂಗಿಯರ ಭೇಟಿಯೂ ಆಗಲಿ ಎಂದು ನನ್ನ ಹಳೆಯ ಸ್ಟೇಷನ್ ವ್ಯಾಗನ್‌ನಲ್ಲಿ ಮೂವರೂ ಹೊರಟೆವು. ಮುಂದಿನ ಸೀಟನ್ನು ಅವನ ಕಾಲಿಗಾಗಿ ಹಿಂದಕ್ಕೆ ತಳ್ಳಿದ್ದರಿಂದ ಅಮ್ಮ ನನ್ನ ಬೆನ್ನ ಹಿಂದೆ ಮುದುಡಿ ಕೂತಿದ್ದರು. ದಾರಿಯಲ್ಲಿ ಸಿಗುವ ಆಲ್ಬರಿಯಲ್ಲಿ ಮೊಸರನ್ನದ ಡಬ್ಬಿ ಬಿಚ್ಚಿದಾಗ ಅವನು ಎರಡು ತುತ್ತಿಗೇ ಸಾಕೆಂದ. "ಮದುಮಗನ ಥರ ಆಡ್ತಿದಾನೆ" ಅಂದರು ಅಮ್ಮ. ದಾರಿಯುದ್ದಕ್ಕೂ ಅವನ ಎಡಗೈ ಬಲಗೈಯ ಆ ಬೆರಳನ್ನು ಮಡಿಸಿ ಬಿಡಿಸುತ್ತಲೇ ಇತ್ತು.

ಮರುದಿನ ಬೆಳಗ್ಗೆ ಹುಲ್ಲಿನ ಮೇಲೆ ಹಿಮದ ಪುಡಿ ಕೂತಿತ್ತು. ಬೆರಳು ಮರಗಟ್ಟಿದೆ ಎಂದು ಅವನು ಅಡುಗೆಮನೆಗೆ ಬಂದ. ಅಮ್ಮನ ಎಣ್ಣೆ ಒಲೆಯ ಮೇಲೆ ಬೆಚ್ಚಗೆ ಕಾದಿತ್ತು. ಬೆರಳಿಗೆ ಮಾತ್ರ ಹಚ್ಚಿದ್ದರೆ ಆಗುತ್ತಿತ್ತು. ಆದರೆ ಅಮ್ಮನ ಲೆಕ್ಕದಲ್ಲಿ ಅದು ಶುಭಕಾರ್ಯದ ದಿನ, ಮತ್ತು ಶುಭಕಾರ್ಯದ ಬೆಳಗ್ಗೆ ಎಣ್ಣೆ ಶಾಸ್ತ್ರ ಆಗಬೇಕು. ನಾನು ಸ್ನಾನ ಮುಗಿಸಿ ಬರುವಷ್ಟರಲ್ಲಿ ಎರಡೂ ಅಂಗೈ, ಮುಂಗೈ, ಮೊಣಕೈವರೆಗೆ ಮೆತ್ತಿ ತಿಕ್ಕಿಯಾಗಿತ್ತು. ಅವನು ಕಣ್ಣು ಮುಚ್ಚಿ ಕೂತಿದ್ದ. ಅಷ್ಟು ನೆಮ್ಮದಿಯಾಗಿ ಅವನನ್ನು ನಾನು ಆ ವಾರದಲ್ಲಿ ನೋಡಿರಲಿಲ್ಲ. ಆಮೇಲೆ ಸೋಪು ಹಾಕಿ ತೊಳೆದ, ಟವಲಿನಲ್ಲಿ ಒರೆಸಿದ. ಹೋಯಿತೆಂದುಕೊಂಡ. ಹರಳೆಣ್ಣೆ ಅಷ್ಟು ಸುಲಭಕ್ಕೆ ಹೋಗುವುದೇ?

ಮೈದಾನದಲ್ಲಿ ಆರಿಸಲು ಬಂದ ಅಮೆರಿಕನ್, ಬೇಸ್‌ಬಾಲ್ ಕ್ಯಾಪಿನ ಮುದುಕ, ಗಮ್ ಜಗಿಯುತ್ತ ನಿಂತಿದ್ದ. ಸ್ಥಳೀಯ ಹುಡುಗರು ಚೆಂಡನ್ನು ಮೋಡಕ್ಕೆ ಒದೆಯುತ್ತಿದ್ದರು. ಅವರೆಲ್ಲ ಮುಗಿದ ಮೇಲೆ ಇವನ ಸರದಿ ಬಂತು.

"ಗ್ಲೌಸ್ ಬೇಡ. ಬರಿಗೈ ನೋಡಬೇಕು" ಅಂದ ಮುದುಕ. ಒಂದು ಕಾಲದಲ್ಲಿ ತಾನೂ ಚೆಂಡು ಎಸೆಯುವವನೇ ಆಗಿದ್ದನಂತೆ, ತಾನೇ ಎಸೆದ.

ಮೊದಲನೆಯದನ್ನು ನಮ್ಮವನು ಹಿಡಿದ. ಎರಡನೆಯದೂ ಹಿಡಿದ. ಓಡಿ ಮೈ ಬಿಸಿಯಾಗಿ ಬೆವರು ಬಂದಂತೆ, ಚರ್ಮದೊಳಗೆ ಇಳಿದಿದ್ದ ಎಣ್ಣೆ ಮೇಲೆ ಬಂತೇನೋ. ಮುಂದಿನ ಚೆಂಡು ಎರಡು ಅಂಗೈಗಳ ನಡುವೆ ಸಿಕ್ಕಿ, ಮೀನಿನ ಹಾಗೆ ನುಣುಚಿ ಹುಲ್ಲಿಗೆ ಬಿತ್ತು. ಅದರ ಮುಂದಿನದೂ ಬಿತ್ತು. ಅವನು ಕೈಯನ್ನು ಚಡ್ಡಿಗೆ ಒರೆಸಿಕೊಂಡ. ಇನ್ನೊಂದು ಬಿತ್ತು.

ಮುದುಕ ಬಿದ್ದ ಚೆಂಡನ್ನು ಎತ್ತಿಕೊಂಡು ತಿರುಗಿಸಿ ನೋಡಿ ಮೂಸಿದ. ಚೆಂಡಿನ ಮೇಲೆ ಹಳದಿ ಬೆರಳಚ್ಚುಗಳು.

"ಕೈ ತೋರಿಸು. ಏನಿದು? ಅಂಟು ಹಚ್ಕೊಂಡು ಬಂದಿದೀಯಾ?"

ಹಿಂದೆ ಕೆಲವರು ಚೆಂಡು ಜಾರದಿರಲೆಂದು ಕೈಗೆ ಅಂಟು ಬಳಿದುಕೊಂಡು ಆಡುತ್ತಿದ್ದರಂತೆ. ಆಮೇಲೆ ಅದನ್ನು ನಿಷೇಧಿಸಿದರು. ದಾರಿಯಲ್ಲಿ ಅವನೇ ಹೇಳಿದ್ದ. ಅಂಟಲ್ಲ, ಔಷಧಿ ಅಂದರೆ, ಯಾವ ಪೆಟ್ಟಿಗೆ ಎಂಬ ಪ್ರಶ್ನೆ ಬರುತ್ತದೆ. ಸುಮ್ಮನಿದ್ದರೆ ಮೋಸಗಾರನಾಗುತ್ತಾನೆ. ಅವನು ಸುಮ್ಮನೇ ನಿಂತ. ನಮ್ಮ ಕಡೆ ತಿರುಗಿಯೂ ನೋಡಲಿಲ್ಲ, ಅಮ್ಮನತ್ತ ಬೆರಳು ತೋರಿಸಲಿಲ್ಲ.

"ಏನಂತೆ ಅವನದು?" ಎಂದರು ಅಮ್ಮ. ನಾನು ಹೇಳಿದೆ.

"ಅಂಟೇ? ಎಣ್ಣೆ ಎಲ್ಲಾದರೂ ಹಿಡಿಸುತ್ತೇನೋ? ಬೀಳಿಸುತ್ತೆ." ಶಾಲು ಬಿಗಿದುಕೊಂಡು, ಕೈಚೀಲದಿಂದ ಕರ್ಚೀಫಿನಲ್ಲಿ ಸುತ್ತಿದ್ದ ಬಾಟಲಿ ತೆಗೆದುಕೊಂಡು ಮೈದಾನಕ್ಕೆ ಇಳಿದೇಬಿಟ್ಟರು. ನಾನು ಹಿಂದೆ ಓಡಿದೆ. ಅಮ್ಮ ಮುದುಕನ ಕೈಯನ್ನು ಕೇಳದೇ ಹಿಡಿದು, ಎಣ್ಣೆ ಸುರಿದು, ಎರಡೂ ಅಂಗೈಗೆ ಸರಿಯಾಗಿ ತಿಕ್ಕಿದರು. ಅವನು ಗಮ್ ಜಗಿಯುವುದನ್ನೂ ಮರೆತು ನಿಂತಿದ್ದ.

"ಹಿಡಿ ಅನ್ನೋ ಇವನಿಗೆ."

ನಮ್ಮವನು ಚೆಂಡನ್ನು ಮೆಲ್ಲಗೆ ಎಸೆದ. ಮುದುಕನ ಕೈಯಿಂದ ಅದು ಜಾರಿ ಗಲ್ಲಕ್ಕೆ ಬಡಿಯಿತು. ಮತ್ತೆ ಎಸೆದ, ಮತ್ತೆ ಬಿತ್ತು. ಒದೆಯುವ ಹುಡುಗರಲ್ಲೊಬ್ಬ, "ಕೋಚ್, ನಿಮ್ಮನ್ನ ಸೆಲೆಕ್ಟ್ ಮಾಡಲ್ಲ" ಅಂದ. ಮುದುಕನೂ ನಕ್ಕ.

"ಸರಿ, ಅಂಟಲ್ಲ. ಮತ್ತೆ ಯಾಕೆ ಹಚ್ಚಿದ್ದು?"

ನಾನಿನ್ನೂ ಏನು ಹೇಳಲಿ ಎಂದು ಯೋಚಿಸುತ್ತಿದ್ದೆ. ಅಮ್ಮನಿಗೆ ಇಂಗ್ಲಿಷ್ ಬಾರದಿದ್ದರೂ ಕೇಳಿದ್ದು ಅರ್ಥವಾಗಿತ್ತು. ನಮ್ಮವನ ಬಲಗೈ ಎತ್ತಿ, ಉಂಗುರದ ಬೆರಳನ್ನು ಬೇರೆ ಮಾಡಿ, "ಇದಕ್ಕೆ" ಎಂದು ತೋರಿಸಿದರು.

ಮುದುಕ ಗಿಣ್ಣನ್ನು ಒತ್ತಿದ. ಇವನು ಅಲುಗಲಿಲ್ಲ. ಇನ್ನೂ ಒತ್ತಿದ. ಕಣ್ಣಂಚಿನಲ್ಲಿ ನೀರು ಬಂತು, ಮುಖ ಮಾತ್ರ ಹಾಗೇ ಇತ್ತು.

"ಯಾಕೆ ಹೇಳಲಿಲ್ಲ?"

"ಹೇಳಿದ್ದರೆ ಒಂದು ಚೆಂಡಾದರೂ ಎಸೀತಿದ್ದಿರಾ?"

ಮುದುಕ ಅವನ ಕೈ ಬಿಟ್ಟ. "ಕೈ ತೊಳಕೊಂಡು ಬಾ. ಸಾಕು ಅನ್ನೋವರೆಗೂ ಎಸೀತೀನಿ. ಇನ್ನೊಂದು ಬಿದ್ದರೆ ಮನೆಗೆ ಹೋಗು."

ನಲ್ಲಿಯ ತಣ್ಣೀರಿಗೆ ಜಿಡ್ಡು ಜಗ್ಗಲಿಲ್ಲ. ಅಮ್ಮ ಸುತ್ತ ನೋಡಿದರು. ಮೈದಾನದ ಅಂಚಿನಲ್ಲಿ ಜನ ಮಾಂಸ ಸುಡುವ ಇಟ್ಟಿಗೆಯ ಒಲೆಯಿತ್ತು, ಅದರಲ್ಲಿ ಸೌದೆಯ ಬೂದಿ ಇತ್ತು. ಬೇರೆ ದಿನವಾಗಿದ್ದರೆ ಆ ಒಲೆಯ ಹತ್ತಿರವೂ ಅವರು ಸುಳಿಯುತ್ತಿರಲಿಲ್ಲ. ಸೆರಗು ಸಿಕ್ಕಿಸಿಕೊಂಡು ಬೊಗಸೆ ತುಂಬ ಬೂದಿ ತಂದು, ಹಬ್ಬದ ಬಾಣಲೆ ಬೆಳಗುವ ಹಾಗೆ ಅವನ ಕೈಗಳನ್ನು ಬೆಳಗಿದರು. ಮುದುಕನ ಕೈಯನ್ನೂ ಬಿಡಲಿಲ್ಲ.

ಆಮೇಲೆ ಮುದುಕ ಎಸೆದದ್ದು ಮೊದಲಿನ ಹಾಗಲ್ಲ. ತಲೆಯ ಮೇಲೆ, ಮೊಣಕಾಲಿಗೆ, ಬೆನ್ನ ಹಿಂದೆ, ಹತ್ತಿರದಿಂದ, ಜೋರಾಗಿ. ಒಂದೊಂದೂ ಆ ಅಂಗೈಗೆ ಬಡಿದಾಗ ಚರ್ಮಕ್ಕೆ ಚರ್ಮ ಹೊಡೆದ ಸದ್ದು. ಅಮ್ಮ ಬೆನ್ನು ತಿರುಗಿಸಿ ಒಂದು ನೀಲಗಿರಿ ಮರವನ್ನು ನೋಡುತ್ತ ನಿಂತರು.

"ಮುಗೀತೇನೋ?"

"ಇಲ್ಲಮ್ಮ."

"ಬಿತ್ತೇನೋ?"

"ಇಲ್ಲ."

"ಆ ಪಾಪಿಗೆ ಕೈ ನೋಯಲ್ವೇ ಎಸೆದೂ ಎಸೆದೂ?"

ಕೊನೆಗೆ ಮುದುಕ ಸಾಕೆಂದ. ತಡೆಯುವುದನ್ನೂ ನೋಡಬೇಕೆಂದು ಅಲ್ಲಿದ್ದ ದಪ್ಪ ಹುಡುಗನೊಬ್ಬನನ್ನು ಎದುರಿಗೆ ನಿಲ್ಲಿಸಿದ. ನಮ್ಮವನು ಅವನನ್ನು ಬೀರು ಸರಿಸುವಂತೆ ಸರಿಸಿಕೊಂಡು ಹೋದ. ಮುದುಕ ಜೇಬಿನಿಂದ ಪುಟ್ಟ ನೋಟ್‌ಬುಕ್ ತೆಗೆದ. ಚಿಕ್ಕಮ್ಮನ ಮನೆಯ ಅಡ್ರೆಸ್, ಫೋನ್ ನಂಬರ್ ತೆಗೆದುಕೊಂಡು, "ಸಂಜೆ ಫೋನ್ ಮಾಡ್ತೀನಿ" ಅಂದ.

ಆ ಮಧ್ಯಾಹ್ನದಷ್ಟು ಉದ್ದವಾದ ಮಧ್ಯಾಹ್ನವನ್ನು ನಾನು ಕಂಡಿಲ್ಲ. ಅವನು ಫೋನಿನ ಪಕ್ಕದ ಪುಟ್ಟ ಕುರ್ಚಿಯಲ್ಲಿ ಮೊಣಕಾಲು ಎದೆಗೆ ಬರುವಂತೆ ಕೂತಿದ್ದ. ಫೋನ್ ಬಂತು. ಎತ್ತಿದ್ದು ಚಿಕ್ಕಮ್ಮ. ಬಂದದ್ದು ಅವರ ಗೆಳತಿಯದು. ಯಾರದೋ ಸೀಮಂತ, ಒಬ್ಬಟ್ಟು ಮನೆಯಲ್ಲೇ ಮಾಡುವುದೋ ಕೇಟರಿಂಗೋ ಎಂಬ ಮಾತು. ಮುಗಿಯುವ ಸೂಚನೆಯಿರಲಿಲ್ಲ.

"ಫೋನ್ ಇಡೇ" ಎಂದರು ಅಮ್ಮ. ಚಿಕ್ಕಮ್ಮ ತಡಿ ಎಂಬಂತೆ ಕೈ ಆಡಿಸಿದರು.

"ಆ ಹುಡುಗನ ಬದುಕು ಆ ವೈರಿನಲ್ಲಿ ಬರಬೇಕು ಕಣೇ."

"ಎರಡೇ ನಿಮಿಷ, ಅಕ್ಕ. ಇವಳು ಐವತ್ತು ಜನಕ್ಕೆ ಕಾಲು ಕೇಜಿ ಬೇಳೆ ಅಂತಿದಾಳೆ, ಫೋನ್ ಹೇಗೆ ಇಡಲಿ?"

ಅವನಿಗೆ ಭಾಷೆ ತಿಳಿಯದಿದ್ದರೂ ತನ್ನದೇ ವಿಷಯವೆಂದು ತಿಳಿದಿತ್ತು. ಪರವಾಗಿಲ್ಲ ಎಂಬಂತೆ ನಕ್ಕ. ಬೆರಳು ಮಾತ್ರ ಮಡಿಸಿ ಬಿಡಿಸಿ, ಮಡಿಸಿ ಬಿಡಿಸಿ.

ಆಗ ಬಾಗಿಲು ತಟ್ಟಿದ ಸದ್ದಾಯಿತು.

ಅವನು ಎದ್ದು ನಿಂತ. ಲಿವರ್‌ಪೂಲ್‌ನಲ್ಲಿ ಮೊದಲ ದಿನ ಕಂಡ ಅದೇ ಕಳೆಯಿಲ್ಲದ ಮುಖ. ನಾನು ಬಾಗಿಲ ಕಡೆ ಹೆಜ್ಜೆ ಇಟ್ಟೆ. ಅವನು ನನ್ನ ಭುಜ ಹಿಡಿದು ತಡೆದು, ತಾನೇ ಹೋಗಿ ತೆರೆದ.

ಹೊರಗೆ ಕ್ಯಾಪಿನ ಮುದುಕ. "ನಿಮ್ಮ ಫೋನಿಗೆ ಏನಾಗಿದೆ? ಒಂದು ಗಂಟೆಯಿಂದ ಎಂಗೇಜ್. ನನಗೆ ಫ್ಲೈಟ್ ಇದೆ." ಮುದುಕ ಅವನನ್ನು ಮೇಲಿಂದ ಕೆಳಗೆ ನೋಡಿ, "ವಯಸ್ಸಾಗಿದೆ, ನಿಧಾನ ಓಡ್ತೀಯ. ಆದರೆ ತಡೆಯೋರು ಬೇಕು. ಒಂದು ಸೀಸನ್. ಬರ್ತೀಯಾ?" ಎಂದ.

ಬಾಗಿಲ ಹಿಡಿಯನ್ನು ಹಿಡಿದಿದ್ದ ಕೈ ಹಾಗೇ ಇತ್ತು. ಅವನು ಹೂಂ ಎಂದು ತಲೆಯಾಡಿಸಿದ. ಮುದುಕ ಕೈ ಕುಲುಕಿ ಹೊರಟವನು ತಿರುಗಿ, ತನ್ನ ಅಂಗೈಯನ್ನು ಅಮ್ಮನಿಗೆ ತೋರಿಸಿ, "ಇದು ಯಾವಾಗ ಹೋಗುತ್ತೆ?" ಎಂದು ಕೇಳಿದ. ಇನ್ನೂ ಅರಿಶಿನದ ಬಣ್ಣ.

"ಇರ್ಲಿ ಅನ್ನು, ಮಂಗಳಕರ" ಅಂದರು ಅಮ್ಮ.

ಅವನು ಆ ಸೀಸನ್ ಆಡಿದ. ಅಮ್ಮ ಮೈಸೂರಿಗೆ ಹೊರಡುವ ಮೊದಲು ಅವನ ಹೆಂಡತಿ ಒಂದು ವಿಡಿಯೋ ಕ್ಯಾಸೆಟ್ ತಂದಳು. ಸೋಫಾದ ಮೇಲೆ ಮೂವರೂ ಕೂತು ನೋಡಿದೆವು. ಆಟದುದ್ದಕ್ಕೂ ಅವನ ಕಡೆಗೆ ಒಂದು ಚೆಂಡೂ ಬರಲಿಲ್ಲ. ಒಂದು ಕಡೆ ಅವನು ಎದುರಿನವನನ್ನು ತಳ್ಳಿಕೊಂಡು ಹೋಗಿ ನೆಲಕ್ಕೆ ಬಿದ್ದ. ಅವನು ಮಾಡಿದ ಸಂದಿಯಲ್ಲಿ ಚೆಂಡು ಹಿಡಿದಿದ್ದ ಚುರುಕು ಹುಡುಗನೊಬ್ಬ ನುಗ್ಗಿ ಕೊನೆಯ ಗೆರೆ ದಾಟಿದ. ಎಲ್ಲರೂ ಓಡಿಹೋಗಿ ಆ ಹುಡುಗನನ್ನು ಎತ್ತಿಕೊಂಡರು. ಟಿವಿಯವನೂ ಆ ಹುಡುಗನ ಹೆಸರನ್ನೇ ಕೂಗಿದ.

ಹಿಂದೆ, ತೆರೆಯ ಮೂಲೆಯಲ್ಲಿ, ನಮ್ಮವನು ಒಬ್ಬನೇ ಮೊಣಕಾಲೂರಿ ಎದ್ದ. ಬಲಗೈ ಮುಖದ ಹತ್ತಿರ ತಂದು ಬೆರಳನ್ನು ಮಡಿಸಿ ಬಿಡಿಸಿದ.

ಅಮ್ಮ ಕನ್ನಡಕ ಸರಿಮಾಡಿಕೊಂಡು ಮುಂದಕ್ಕೆ ಬಗ್ಗಿದರು. "ಮತ್ತೆ ಊದಿದೆ ನೋಡು. ಆ ಊರಲ್ಲಿ ಹರಳೆಣ್ಣೆ ಸಿಗುತ್ತಂತಾ, ಕೇಳು ಅವಳನ್ನ."